ಆಟ ಬಿಟ್ಟ ಮ್ಯಾಲೆ ಅಂಪೈರ್ ಆಗಬಹುದಾ? ಬೌಲರ್ ಆಗಿದ್ದವರು ಹೇಳ್ರಿ

ಟಿಳಕವಾಡಿ ಎಡಗೈ:
ಎಲ್ಲಾರಿಗೂ ನಮಸ್ಕಾರ್ರೀ. ನನಗೀಗ 34. ಹನ್ನೆರಡು ವರ್ಷ ಡಿವಿಜನ್ ಲೀಗ್ ಆಡೇನಿ, ಎಡಗೈ ಮೀಡಿಯಂ ಪೇಸ್. ಭುಜ ಹೋಗೈತಿ, ಡಾಕ್ಟರ್ ಸಾಕು ಮಾಡು ಅಂದಾರ. ಮೈದಾನ ಬಿಟ್ಟು ಇರಾಕ ಆಗವಲ್ದು. ಅಂಪೈರ್ ಪರೀಕ್ಷೆ ಬರೀಬೇಕಂತ ಮಾಡೇನಿ. ಆಡಿದವರಿಗೆ ಅದು ಹಗುರ ಅಂತಾರ, ಖರೇನಾ?

ಕ್ಯಾಂಪ್ ಆಫ್‌ಸ್ಪಿನ್ನರ್:
ತಮ್ಮಾ, ಅರ್ಧಾ ಖರೆ. ಆಟದ ವಾಸನಿ ನಿನಗ ಗೊತ್ತೈತಿ, ಅದು ಪುಸ್ತಕದಾಗ ಸಿಗೂದಿಲ್ಲ. ಆದರ ಬೌಲರ್‌ನ ಕಣ್ಣು ಕಳಕೋಬೇಕು.

ನಾನು ಅಂಪೈರ್ ಆದ ಮೊದಲ್ನೇ ವರ್ಷದ ಮಾತು. ಆಫ್‌ಸ್ಪಿನ್ ಹುಡುಗ ಓವರ್ ದಿ ವಿಕೆಟ್, ಮುಂದ ಎಡಗೈ ಬ್ಯಾಟ್ಸ್‌ಮನ್. ಚೆಂಡು ಬಿದ್ದು ಸ್ಟಂಪಿನ ಕಡೆ ತಿರುಗಿ ಪ್ಯಾಡಿಗೆ ಬಡೀತು. ಸ್ಟಂಪಿಗೆ ಹೋಗೂದು ಎದುರಿಗೇ ಕಾಣಸ್ತಿತ್ತು. ನಾನೂ ಹಂಗ ಹಾಕೇ ವಿಕೆಟ್ ತಗೊಂಡಾವ, ಬೆರಳು ತಾನ ಮ್ಯಾಲೆ ಹೋತು. ಆದರ ಚೆಂಡು ಲೆಗ್ ಸ್ಟಂಪಿನ ಹೊರಗ ಪಿಚ್ ಆಗಿತ್ತು, ಹಂಗ ಬಿದ್ದರ ಎಲ್‌ಬಿಡಬ್ಲ್ಯೂ ಕೊಡಂಗಿಲ್ಲ. ಆ ಬ್ಯಾಟ್ಸ್‌ಮನ್ ಒಂದ ಮಾತಾಡದ ನಡದ. ಆವತ್ತ ರಾತ್ರಿ ನನಗ ನಿದ್ದಿ ಹತ್ತಲಿಲ್ಲ. ಅಂದಿನಿಂದ ಅಪೀಲ್ ಬಂದ ಕೂಡ್ಲೆ ಮೊದಲು ಎಲ್ಲಿ ಬಿತ್ತು ಅಂತ ಕೇಳ್ಕೋತೀನಿ, ಉಳಿದದ್ದು ಆಮ್ಯಾಲೆ.

ವೆಂಕಟರಾಘವನ್ ಅವರನ್ನ ನೋಡು. ಆಫ್‌ಸ್ಪಿನ್ನರ್, 57 ಟೆಸ್ಟಿನಾಗ 156 ವಿಕೆಟ್, 1975 ಮತ್ತ 1979ರ ವಿಶ್ವಕಪ್‌ನಾಗ ನಮ್ಮ ಕ್ಯಾಪ್ಟನ್. 1993ರಿಂದ ಅಂಪೈರ್ ಆಗಿ 73 ಟೆಸ್ಟ್ ನಿಂತರು, ಆಡಿದ್ದಕ್ಕಿಂತ ಹೆಚ್ಚು! ನಮ್ಮ ಎ.ವಿ. ಜಯಪ್ರಕಾಶ್ ಕರ್ನಾಟಕಕ್ಕ ರಣಜಿ ಆಡಿದವ್ರು. 1999ರಾಗ ದಿಲ್ಲಿಯ ಕೋಟ್ಲಾ ಮೈದಾನದಾಗ ಕುಂಬ್ಳೆ 74 ರನ್ನಿಗೆ ಹತ್ತೂ ವಿಕೆಟ್ ತಗೊಂಡಾಗ ಬೌಲರ್ ತುದಿಗೆ ನಿಂತಾವ್ರು ಅವರ. ಒಂಬತ್ತು ಬಿದ್ದ ಮ್ಯಾಲೆ ಆ ಗದ್ದಲದಾಗ ತಲಿ ತಣ್ಣಗ ಇಟ್ಕೊಳ್ಳೂದು ಎಷ್ಟು ಕಷ್ಟ, ವಿಚಾರ ಮಾಡು.

ಗೋಕಾಕದ ಸ್ಕೋರರ್:
ಅಣ್ಣಾ ಹೇಳಿದ್ದು ಸರಿ. ಸ್ಕೋರರ್ ಆಗಿ ನಂದೊಂದು ಮಾತು: ಆಡಿ ಬಂದ ಅಂಪೈರ್‌ಗಳು ಸಿಗ್ನಲ್ ಕೊಟ್ಟು ನಮ್ಮ ಕೈ ಏಳೂತನಕ ಕಾಯೂದಿಲ್ಲ. ಕಾಯಬೇಕ್ರಿ, ನಿಯಮದಾಗ ಐತಿ. ಲೆಗ್‌ಬೈ, ಅಂದ್ರ ಮೈಗೆ ಬಡದು ಬಂದ ರನ್, ಬ್ಯಾಟ್ಸ್‌ಮನ್ ಲೆಕ್ಕಕ್ಕ ಬಿದ್ದರ ಆಮ್ಯಾಲೆ ತಾಳೆ ಹಚ್ಚೂದು ಭಾಳ ತ್ರಾಸ.

ಟಿಳಕವಾಡಿ ಎಡಗೈ:
ಧನ್ಯವಾದ್ರೀ. ಅಣ್ಣಾ, ಒಂದ ಅಂಜಿಕಿ. 2019ರ ವಿಶ್ವಕಪ್ ಫೈನಲ್‌ನಾಗ ಓವರ್‌ಥ್ರೋಗೆ (ಫೀಲ್ಡರ್ ಎಸದ ಚೆಂಡು ತಪ್ಪಿ ಮುಂದ ಹೋದದ್ದಕ್ಕ) ಐದರ ಬದಲಿ ಆರು ರನ್ ಕೊಟ್ಟಿದ್ದು ಶ್ರೀಲಂಕಾದ ಅಂಪೈರ್ ಧರ್ಮಸೇನ. ವಿಶ್ವಕಪ್ ಗೆದ್ದ ಆಟಗಾರನ ಕೈಲೇ ಹಂಗ ಆದರ ನಮ್ಮಂಥವರ ಗತಿ?

ಕ್ಯಾಂಪ್ ಆಫ್‌ಸ್ಪಿನ್ನರ್:
ಟಿವಿಯಾಗ ನೋಡಿದ ಮ್ಯಾಲೆ ತಪ್ಪಾಗೇತಿ ಅಂತ ಅವರ ಒಪ್ಪಿಕೊಂಡರು. ಆ ಧೈರ್ಯ ನನಗ ದೊಡ್ಡದು. ಚೆಂಡು ಎಸದ ಕ್ಷಣಕ್ಕ ಬ್ಯಾಟ್ಸ್‌ಮನ್‌ಗಳು ಒಬ್ಬರನ್ನೊಬ್ಬರು ದಾಟಿದ್ರೋ ಇಲ್ಲೋ, ನೋಡಬೇಕಾದ್ದು ಅಷ್ಟ. ಅದನ್ನ ನೋಡೂದು ಪುಸ್ತಕದಿಂದ ಬರೂದಿಲ್ಲ, ನಿಂತು ನಿಂತು ಬರತೈತಿ. ರವಿವಾರ ಎಂಟಕ್ಕ ವ್ಯಾಕ್ಸಿನ್ ಡಿಪೋ ಮೈದಾನಕ್ಕ ಬಾ, ಸ್ಕ್ವೇರ್ ಲೆಗ್‌ನಾಗ ನಿಲ್ಲಸ್ತೀನಿ. ಟೊಪ್ಪಿಗಿ ತಾ, ಓವರಿನ ಚೆಂಡು ಎಣಸಾಕ ಆರು ಸಣ್ಣ ಹಳ್ಳೂ ಕಿಸೇದಾಗ ಇರ್ಲಿ.