ಹೂವಿನ ಟೀ, ಹೂವಿನ ಕಷಾಯ: ಡಾಕ್ಟರಮ್ಮನನ್ನು ಕೇಳಿ (ಭಾನುವಾರ ಸಂಜೆ 7ರಿಂದ 9)

ಅಡ್ಮಿನ್: ಎಲ್ಲರಿಗೂ ನಮಸ್ಕಾರ. ಸಂಜೆಯ ಕಾಫಿ ಬಿಟ್ಟವರು, ಬಿಡಬೇಕು ಎಂದುಕೊಂಡವರು ದಿನಾ ಹೂವಿನ ಟೀ ಬಗ್ಗೆ ಕೇಳುತ್ತಿದ್ದೀರಿ. ಅದಕ್ಕೇ ಇವತ್ತು ಡಾಕ್ಟರಮ್ಮ ಎರಡು ಗಂಟೆ ಇಲ್ಲಿರುತ್ತಾರೆ. ಅವರು ಆಯುರ್ವೇದ ವೈದ್ಯೆ. ಒಬ್ಬರು ಒಂದೇ ಪ್ರಶ್ನೆ ಕೇಳಿ. ದಯವಿಟ್ಟು ಫಾರ್ವರ್ಡ್ ಹಾಕಬೇಡಿ.

ರಾತ್ರಿಪಾಳಿ: ಮೇಡಂ, ಬೆಂಗಳೂರಿನಲ್ಲಿ ರಾತ್ರಿ ಪಾಳಿ ಕೆಲಸ ನನ್ನದು. ಬೆಳಿಗ್ಗೆ ಬಂದು ಮಲಗುವ ಮುಂಚೆ ಬಿಸಿಯಾಗಿ ಏನಾದರೂ ಬೇಕು. ಹೂವಿನದ್ದು, ಕೆಫೀನ್ ಇರುವುದಿಲ್ಲ ಎಂದುಕೊಂಡು ಮಲ್ಲಿಗೆ ಟೀ ತಂದೆ. ಈಗ ನಿದ್ದೆಯೇ ಬರುತ್ತಿಲ್ಲ.

ಡಾಕ್ಟರಮ್ಮ: ಅಂಗಡಿಯ ಮಲ್ಲಿಗೆ ಟೀ ಅಂದರೆ ಸಾಮಾನ್ಯವಾಗಿ ಗ್ರೀನ್ ಟೀ ಎಲೆ. ಅದಕ್ಕೆ ಮಲ್ಲಿಗೆಯ ಘಮ ಹಿಡಿಸಿರುತ್ತಾರೆ. ಎಲೆಯ ಕೆಫೀನ್ ಹಾಗೇ ಇರುತ್ತದೆ. ಡಬ್ಬಿಯ ಹಿಂದೆ ಏನೇನು ಹಾಕಿದ್ದಾರೆ ಎಂದು ಓದಿ.

ನಿಮಗೆ ಗುಲಾಬಿ ಸಾಕು. ಒಣಗಿದ ಪನ್ನೀರು ಗುಲಾಬಿ ಎಸಳು ಎರಡು ಚಮಚ, ಸೋಂಪು ಅರ್ಧ ಚಮಚ, ಜಜ್ಜಿದ ಏಲಕ್ಕಿ ಒಂದು. ಒಂದು ಲೋಟ ನೀರು ಕುದಿಸಿ, ಒಲೆ ಆರಿಸಿ, ಆಮೇಲೆ ಇವನ್ನು ಹಾಕಿ ಮುಚ್ಚಳ ಮುಚ್ಚಿ. ಏಳೆಂಟು ನಿಮಿಷ ಬಿಟ್ಟು ಸೋಸಿ. ಮುಚ್ಚಳ ಮರೆತರೆ ಘಮ ಎಲ್ಲ ಹಬೆಯ ಜೊತೆ ಹೋಗುತ್ತದೆ. ಹೂವನ್ನೇ ಕುದಿಸಿದರೆ ಒಗರು ಬರುತ್ತದೆ.

ತೋಟದಮನೆ: ಇದನ್ನು ಟೀ ಅಂತ ಯಾಕೆ ಕರೆಯಬೇಕು? ನಮ್ಮ ಮಲೆನಾಡಿನಲ್ಲಿ ಕಷಾಯ ಅನ್ನುತ್ತೇವೆ. ಕೊತ್ತಂಬರಿ, ಜೀರಿಗೆ ಹುರಿದು ಪುಡಿ ಮಾಡಿ, ಬೆಲ್ಲ, ಹಾಲು ಹಾಕಿ ಕುದಿಸಿದರೆ ಆಯಿತು. ಹೂವೂ ಬೇಡ, ಡಬ್ಬಿಯೂ ಬೇಡ.

ಕಾಫಿಬಿಟ್ಟವ: ಕಷಾಯ ಬೇರೆ, ಇದು ಬೇರೆ ಸಾರ್. ಡಾಕ್ಟರ್ ಕುದಿಸಬೇಡಿ ಎಂದೇ ಹೇಳಿದ್ದಾರಲ್ಲ.

ತೋಟದಮನೆ: ಹೆಸರು ಬದಲಾಯಿಸಿದರೆ ರುಚಿ ಬದಲಾಗುತ್ತಾ?

ಡಾಕ್ಟರಮ್ಮ: ಕುದಿಸಿ ಬತ್ತಿಸಿದ್ದು ಕಷಾಯ. ಬಿಸಿನೀರಿಗೆ ಹಾಕಿ ಮುಚ್ಚಿಟ್ಟು ಸೋಸಿದ್ದನ್ನು ಆಯುರ್ವೇದದಲ್ಲಿ ಫಾಂಟ ಅನ್ನುತ್ತೇವೆ. ಬೇರು, ತೊಗಟೆ, ಬೀಜಕ್ಕೆ ಕಷಾಯ ಸರಿ. ಹೂವಿಗೆ ಫಾಂಟ. ಮುಂದಿನ ಪ್ರಶ್ನೆ.

ನೀಲಿಬಳ್ಳಿ: ಶಂಖಪುಷ್ಪ ಎಷ್ಟು ಹಾಕಬೇಕು ಮೇಡಂ?

ಡಾಕ್ಟರಮ್ಮ: ಒಂದು ಲೋಟಕ್ಕೆ ಐದಾರು ಹೂ. ಹಸಿರು ತೊಟ್ಟು ಬಿಡಿಸಿ ಹಾಕಿ. ನಿಂಬೆ ಹಿಂಡಿದರೆ ನೀಲಿ ಹೋಗಿ ನೇರಳೆಯಾಗುತ್ತದೆ. ಹುಳಿಗೆ ಬಣ್ಣ ತಿರುಗುವುದು ಅಷ್ಟೆ, ಔಷಧದ ಗುಣ ಜಾಸ್ತಿ ಆಯಿತು ಎಂದಲ್ಲ. ಇದಕ್ಕೆ ತನ್ನದೇ ರುಚಿ ಕಡಿಮೆ. ಒಂದು ತುಂಡು ಶುಂಠಿಯೋ ಮಜ್ಜಿಗೆ ಹುಲ್ಲೋ ಜೊತೆಗಿರಲಿ.

ಕೆಂಪುದಾಸವಾಳ: ಅಂಗಡಿಯ ಹೈಬಿಸ್ಕಸ್ ಟೀ ಕಡುಕೆಂಪು, ಹುಳಿ. ನಮ್ಮ ಹಿತ್ತಲಿನ ದಾಸವಾಳದಲ್ಲಿ ಮಾಡಿದರೆ ಹುಳಿಯೇ ಇಲ್ಲ. ಏನು ತಪ್ಪು ಮಾಡುತ್ತಿದ್ದೇನೆ?

ಡಾಕ್ಟರಮ್ಮ: ತಪ್ಪಿಲ್ಲ, ಗಿಡ ಬೇರೆ. ಅಂಗಡಿಯದ್ದು ಪುಂಡಿಪಲ್ಯದ ಜಾತಿಯದ್ದು. ಹೂ ಬಾಡಿದ ಮೇಲೆ ಕಾಯಿಯ ಸುತ್ತ ದಪ್ಪಗೆ ಕೆಂಪಗೆ ಉಳಿಯುತ್ತದಲ್ಲ, ಅದನ್ನು ಒಣಗಿಸುತ್ತಾರೆ. ಹುಳಿ ಅದರದ್ದು. ಅಲ್ಯೂಮಿನಿಯಂ ಪಾತ್ರೆಯಲ್ಲಿ ಮಾಡಬೇಡಿ, ಸ್ಟೀಲ್ ಅಥವಾ ಗಾಜು ಇರಲಿ. ಅದು ಬಿಪಿಯನ್ನು ಸ್ವಲ್ಪ ಇಳಿಸುತ್ತದೆ. ಬಿಪಿ ಮಾತ್ರೆ ನುಂಗುವವರು ದಿನಾ ಲೋಟಗಟ್ಟಲೆ ಕುಡಿದು ತಲೆ ಸುತ್ತು ಅಂತ ಬರಬೇಡಿ. ಬಸುರಿಯರಿಗೆ ಅಂಗಡಿಯದ್ದೂ ಬೇಡ, ಹಿತ್ತಲಿನ ದಾಸವಾಳವೂ ಬೇಡ.

ಬಯಲುಸೀಮೆ: ಟೀಗೆ ಹಾಕುವ ಕ್ಯಾಮೊಮೈಲ್ ಹೂ ದುಬಾರಿ. ಅದರ ಬದಲು ಸೇವಂತಿಗೆ ಹಾಕಬಹುದಾ? ನನಗೆ ಕಾಂಗ್ರೆಸ್ ಗಿಡದ ಅಲರ್ಜಿ ಇದೆ. ಬೇಸಿಗೆಯಲ್ಲಿ ಕೈ, ಕತ್ತು ಎಲ್ಲ ತುರಿಕೆ. ಇದಕ್ಕೂ ಅದಕ್ಕೂ ಸಂಬಂಧ ಇಲ್ಲ ಬಿಡಿ, ಸುಮ್ನೆ ಹೇಳಿದೆ.

ಡಾಕ್ಟರಮ್ಮ: ಸಂಬಂಧ ಇದೆ. ಹೇಳಿದ್ದು ಒಳ್ಳೆಯದಾಯಿತು. ಕಾಂಗ್ರೆಸ್ ಗಿಡ, ಸೇವಂತಿಗೆ, ಕ್ಯಾಮೊಮೈಲ್, ಸೂರ್ಯಕಾಂತಿ ಎಲ್ಲ ಒಂದೇ ಕುಟುಂಬ. ಒಂದಕ್ಕೆ ಅಲರ್ಜಿ ಇದ್ದವರಿಗೆ ಇನ್ನೊಂದೂ ಆಗದೇ ಇರಬಹುದು. ನೀವು ಎರಡನ್ನೂ ಮುಟ್ಟಬೇಡಿ. ಬೇರೆಯವರು ಕ್ಯಾಮೊಮೈಲ್ ಕುಡಿಯಬಹುದು. ಆದರೆ ರಕ್ತ ತೆಳುವಾಗಿಸುವ ವಾರ್ಫರಿನ್ ಮಾತ್ರೆ ಇದ್ದವರು ತಮ್ಮ ವೈದ್ಯರನ್ನು ಕೇಳದೆ ಶುರು ಮಾಡಬಾರದು.

ಪಾರಿಜಾತ: ಪಾರಿಜಾತದ ಕಿತ್ತಳೆ ತೊಟ್ಟಿನ ಬಣ್ಣ ಚೆನ್ನಾಗಿ ಬರುತ್ತದೆ. ಎಸಳು ಬಿಟ್ಟು ಬರೀ ತೊಟ್ಟು ಹಾಕಬಹುದಾ?

ಹೊಸಬಳು: ಶಂಖಪುಷ್ಪ ಒಂದು ಲೋಟಕ್ಕೆ ಎಷ್ಟು?

ಡಾಕ್ಟರಮ್ಮ: ಮೇಲೆ ಹೇಳಿದ್ದೇನೆ.

ಹಾಸನದ ಸೊಸೆ: ಮೇಡಂ, ದೇವರಿಗೆ ಏರಿಸಿದ ಹೂವನ್ನು ತಿಪ್ಪೆಗೆ ಹಾಕಲು ಮನಸ್ಸು ಬರುವುದಿಲ್ಲ. ಅದಕ್ಕೇ ಮೂರು ತಿಂಗಳಿಂದ ನಿರ್ಮಾಲ್ಯದ ಹೂವನ್ನು ನೆರಳಲ್ಲಿ ಒಣಗಿಸಿ, ಪುಡಿ ಮಾಡಿ ಡಬ್ಬಿಗೆ ತುಂಬಿಡುತ್ತೇನೆ. ನಮ್ಮ ಅತ್ತೆಗೆ 71 ವರ್ಷ, ನಿದ್ದೆ ಕಡಿಮೆ. ರಾತ್ರಿ ಒಂದು ಲೋಟ ಕೊಡುತ್ತಿದ್ದೇನೆ. ಈ ವಾರ ಹೊಸ ಪುಡಿ ಶುರು ಮಾಡಿದ ಮೇಲೆ ಅವರಿಗೆ ವಾಕರಿಕೆ, ಊಟ ಸೇರುತ್ತಿಲ್ಲ, ಸುಸ್ತು. ಪುಡಿ ಜಾಸ್ತಿ ಆಯಿತಾ? ಎಷ್ಟು ಚಮಚ ಸರಿ?

ಡಾಕ್ಟರಮ್ಮ: ಯಾವ ಯಾವ ಹೂ? ಒಂದೂ ಬಿಡದೆ ಬರೆಯಿರಿ. ಅತ್ತೆ ಯಾವ ಮಾತ್ರೆ ತೆಗೆದುಕೊಳ್ಳುತ್ತಾರೆ?

ಕಾಫಿಬಿಟ್ಟವ: ನಿರ್ಮಾಲ್ಯದಲ್ಲಿ ಟೀ ಮಾಡುವುದು ನನಗೂ ಹೊಸದು. ಒಳ್ಳೆಯ ಯೋಚನೆ.

ಹಾಸನದ ಸೊಸೆ: ದಾಸವಾಳ, ಗುಲಾಬಿ, ಸೇವಂತಿಗೆ, ತುಂಬೆ, ಕೆಂಪು ಕಣಗಿಲೆ. ಈ ಸಲ ಕಣಗಿಲೆ ತುಂಬಾ ಬಿಟ್ಟಿತ್ತು, ಅದೇ ಜಾಸ್ತಿ ಇದೆ. ಅತ್ತೆಗೆ ಬಿಪಿ ಮಾತ್ರೆ ಇದೆ, ಹೃದಯದ ಬಡಿತಕ್ಕೆ ಡಿಜಾಕ್ಸಿನ್ ಇದೆ. ಈಗ ಬಿಪಿ ಮಿಷನ್ ಹಾಕಿ ನೋಡಿದೆ. ಬಡಿತ 46 ತೋರಿಸುತ್ತಿದೆ. ಮಿಷನ್ ಹಳೆಯದು.

ಡಾಕ್ಟರಮ್ಮ: ಮಿಷನ್ ಸರಿಯಾಗಿಯೇ ಇರಬಹುದು. ಈಗಲೇ ಆಸ್ಪತ್ರೆಗೆ ಹೊರಡಿ. ಬೆಳಿಗ್ಗೆ ನೋಡೋಣ ಎಂದು ಕಾಯಬೇಡಿ. ಇಸಿಜಿ ಮತ್ತು ತುರ್ತು ಚಿಕಿತ್ಸೆ ಇರುವ ಆಸ್ಪತ್ರೆಯೇ ಆಗಬೇಕು. ಸ್ಕೂಟರ್ ಬೇಡ. ಕಾರು ಇಲ್ಲದಿದ್ದರೆ 108ಕ್ಕೆ ಫೋನ್ ಮಾಡಿ. ಓದುತ್ತಾ ಕೂರಬೇಡಿ, ಮನೆಯವರ ಕೈಲಿ ಫೋನ್ ಕೊಟ್ಟು ನೀವು ತಯಾರಾಗಿ.

ಡಬ್ಬಿಯ ಪುಡಿ ತೆಗೆದುಕೊಂಡು ಹೋಗಿ. ಎಲೆ, ಹೂ ಇರುವ ಒಂದು ಕಣಗಿಲೆ ರೆಂಬೆಯನ್ನೂ ಕವರಿಗೆ ಹಾಕಿಕೊಳ್ಳಿ. ಮಾತ್ರೆಯ ಚೀಟಿಗಳೆಲ್ಲ ಜೊತೆಗಿರಲಿ. ಅಲ್ಲಿ ಮೊದಲ ಮಾತೇ ಇದಾಗಿರಲಿ: “ಒಂದು ವಾರದಿಂದ ಕಣಗಿಲೆ ಹೂವಿನ ಪುಡಿ ಕುಡಿದಿದ್ದಾರೆ, ಡಿಜಾಕ್ಸಿನ್ ಕೂಡ ತೆಗೆದುಕೊಳ್ಳುತ್ತಾರೆ.” ಸುಮ್ನೆ “ವಾಂತಿ, ಸುಸ್ತು” ಎಂದರೆ ಗ್ಯಾಸ್ಟ್ರಿಕ್ ಎಂದು ಇಂಜೆಕ್ಷನ್ ಕೊಟ್ಟು ಕಳಿಸಬಹುದು. ಇಸಿಜಿ ಆಗಬೇಕು, ರಕ್ತದ ಪೊಟ್ಯಾಸಿಯಂ ನೋಡಬೇಕು. ಇವತ್ತಿನ ಡಿಜಾಕ್ಸಿನ್ ಅಲ್ಲಿ ಕೇಳದೆ ಕೊಡಬೇಡಿ. ಬಾಯಿಗೆ ಬೆರಳು ಹಾಕಿ ವಾಂತಿ ಮಾಡಿಸಬೇಡಿ.

ಉಳಿದವರೂ ಓದಿ. ಕಣಗಿಲೆಯ ಎಲೆ, ಹೂ, ಕಡ್ಡಿ, ಬೇರು ಎಲ್ಲವೂ ವಿಷ. ಒಣಗಿಸಿದರೂ ಹೋಗುವುದಿಲ್ಲ, ಕುದಿಸಿದರೂ ಹೋಗುವುದಿಲ್ಲ. ಅದು ಹೃದಯದ ಮೇಲೆ ಕೆಲಸ ಮಾಡುವುದು ಡಿಜಾಕ್ಸಿನ್ ಮಾತ್ರೆಯ ಥರವೇ. ಮಾತ್ರೆಯಲ್ಲಿ ಅಳತೆ ಇದೆ, ಹೂವಿನಲ್ಲಿ ಇಲ್ಲ. ಎರಡೂ ಸೇರಿದರೆ ಬಡಿತ ಇಳಿಯುತ್ತದೆ, ತಪ್ಪುತ್ತದೆ, ನಿಂತೂ ಹೋಗಬಹುದು. ಮೊದಲು ಕಾಣುವುದು ವಾಕರಿಕೆ, ಊಟ ಬೇಡ ಅನ್ನಿಸುವುದು, ಸುಸ್ತು. ಹಳದಿ ಕಣಗಿಲೆಯೂ ಅಷ್ಟೇ ಅಪಾಯ. ನಾವು ಇದನ್ನು ಕರವೀರ ಎಂದು ಓದುತ್ತೇವೆ. ಉಪವಿಷಗಳ ಸಾಲಿನಲ್ಲಿ ಓದುತ್ತೇವೆ. ಶೋಧನೆ, ಅಂದರೆ ವಿಷ ತಗ್ಗಿಸುವ ಶುದ್ಧಿ, ಮಾಡದೆ ಯಾವ ವೈದ್ಯರೂ ಹೊಟ್ಟೆಗೆ ಕೊಡುವುದಿಲ್ಲ.

ಹಾಸನದ ಸೊಸೆ: ನಮ್ಮ ಯಜಮಾನರು ಕಾರು ತೆಗೆಯುತ್ತಿದ್ದಾರೆ. ಹೊರಟೆವು.

ಭಕ್ತಿಮನೆ: ಕ್ಷಮಿಸಿ, ಹೆದರಿಸುವುದು ಜಾಸ್ತಿ ಆಯಿತು. ದೇವರಿಗೆ ಏರಿಸುವ ಹೂ ವಿಷ ಹೇಗಾಗುತ್ತದೆ? ನಮ್ಮ ತಾತನ ಕಾಲದಿಂದ ಕಣಗಿಲೆಯಲ್ಲೇ ಪೂಜೆ.

ತೋಟದಮನೆ: ಪೂಜೆಗೆ ಏರಿಸಿ, ಯಾರು ಬೇಡ ಅಂದರು? ಶಿವನಿಗೆ ಎಕ್ಕ, ಉಮ್ಮತ್ತಿ ಏರಿಸುತ್ತೇವೆ. ಅವನು ವಿಷಕಂಠ. ನಾವು ಕುಡಿಯಲು ಆಗುತ್ತಾ? ನಮ್ಮ ಕಡೆ ದನ ಕೂಡ ಕಣಗಿಲೆಗೆ ಬಾಯಿ ಹಾಕುವುದಿಲ್ಲ.

ಭಕ್ತಿಮನೆ: ನೀವು ಶಿವನನ್ನು ಮಧ್ಯೆ ತರಬೇಡಿ.

ತೋಟದಮನೆ: ದೇವರನ್ನು ಮೊದಲು ತಂದವರು ನೀವು.

ಡಾಕ್ಟರಮ್ಮ: 2024ರಲ್ಲಿ ಕೇರಳದ ತಿರುವಾಂಕೂರು ದೇವಸ್ವಂ ಮಂಡಳಿಯೇ ನೈವೇದ್ಯ, ಪ್ರಸಾದದಲ್ಲಿ ಅರಳಿ ಹೂ ಬಳಸುವುದನ್ನು ನಿಲ್ಲಿಸಿತು. ಮಲಯಾಳದ ಅರಳಿ ಅಂದರೆ ಕಣಗಿಲೆ, ನಮ್ಮ ಅರಳಿ ಮರ ಅಲ್ಲ. ದೇವಸ್ಥಾನದವರಿಗೆ ಭಕ್ತಿ ಕಡಿಮೆ ಇತ್ತಾ?

ಹಿತೈಷಿ: ಆ ಅಮ್ಮನಿಗೆ ಹೇಳಿ, ದಾರಿಯಲ್ಲಿ ಎರಡು ಎಳನೀರು ಕುಡಿಸಲಿ. ಯಾವ ವಿಷ ಇದ್ದರೂ ಇಳಿಯುತ್ತದೆ. ನಮಗೆ ಬಂದ ಮೆಸೇಜ್ ಕೆಳಗೆ ಹಾಕಿದ್ದೇನೆ.

ಡಾಕ್ಟರಮ್ಮ: ತೆಗೆಯಿರಿ. ಅಡ್ಮಿನ್, ಆ ಮೆಸೇಜ್ ಈಗಲೇ ಅಳಿಸಿ. ಎಳನೀರಿನಲ್ಲಿ ಪೊಟ್ಯಾಸಿಯಂ ಜಾಸ್ತಿ. ಕಣಗಿಲೆಯ ವಿಷ ಏರಿದಾಗ ರಕ್ತದ ಪೊಟ್ಯಾಸಿಯಂ ಏರುತ್ತದೆ. ಅದರ ಮೇಲೆ ಎಳನೀರು ಕುಡಿಸಿದರೆ ಇಳಿಯುವುದು ವಿಷ ಅಲ್ಲ, ಹೃದಯದ ಬಡಿತ. ಹಾಲು, ತುಪ್ಪ, ನಿಂಬೆರಸ ಏನೂ ಬೇಡ. ಒಬ್ಬರ ಪ್ರಾಣದ ವಿಷಯ ನಡೆಯುತ್ತಿದೆ ಇಲ್ಲಿ.

ಹಿತೈಷಿ: ಒಳ್ಳೆಯದಕ್ಕೇ ಹೇಳಿದ್ದು. ಇಷ್ಟು ಸಿಟ್ಟು ಬೇಕಾಗಿರಲಿಲ್ಲ.

ಅಡ್ಮಿನ್: ಅಳಿಸಿದ್ದೇನೆ.

ಸಕ್ಕರೆಕಹಿ: 48 ದಿನ ತಂಗಡಿ ಹೂವಿನ ಟೀ ಕುಡಿದರೆ ಶುಗರ್ ಮಾತ್ರೆ ಬಿಡಬಹುದು ಎಂದು ಓದಿದೆ. ನಿಜವೇ?

ಡಾಕ್ಟರಮ್ಮ: ಮಾತ್ರೆ ಬಿಡಬೇಡಿ.

ಸಕ್ಕರೆಕಹಿ: ಸ್ವಲ್ಪ ವಿವರವಾಗಿ ಹೇಳಿ. ನೀವು ಆಯುರ್ವೇದದವರೇ ಹೀಗೆ ಹೇಳಿದರೆ ಹೇಗೆ?

ಡಾಕ್ಟರಮ್ಮ: ಆಯುರ್ವೇದದವಳಾಗಿಯೇ ಹೇಳುತ್ತಿದ್ದೇನೆ. ಮಾತ್ರೆ ಬಿಟ್ಟು ಕಾಲಿನ ಗಾಯ ಕೊಳೆಸಿಕೊಂಡು ಬಂದವರನ್ನು ನಾನು ನೋಡಿದ್ದೇನೆ. ತಂಗಡಿ ಕುಡಿಯುವ ಆಸೆ ಇದ್ದರೆ ಮಾತ್ರೆ ಬರೆದ ವೈದ್ಯರಿಗೆ ತಿಳಿಸಿ, ಶುಗರ್ ನೋಡಿಕೊಳ್ಳುತ್ತಾ ಕುಡಿಯಿರಿ.

ಸಿಹಿಬೇರು: ಸಕ್ಕರೆ ಬದಲು ಅತಿಮಧುರ ಹಾಕುತ್ತೇನೆ. ದಿನಾ ಎರಡು ಸಲ. ಪರವಾಗಿಲ್ಲ ಅಲ್ವಾ? ಬಿಪಿ ಇದೆ.

ಡಾಕ್ಟರಮ್ಮ: ಪರವಾಗಿದೆ. ಅದು ಬಿಪಿ ಏರಿಸುತ್ತದೆ, ಪೊಟ್ಯಾಸಿಯಂ ಇಳಿಸುತ್ತದೆ. ನಿಲ್ಲಿಸಿ.

ಮಾರ್ಕೆಟ್‌ರಸ್ತೆ: ಹೂವಿನ ಮಾರ್ಕೆಟ್ಟಿನಲ್ಲಿ ಗುಲಾಬಿ ಅಗ್ಗ. ತೊಳೆದು ಒಣಗಿಸಿದರೆ ಸಾಕಾ?

ಡಾಕ್ಟರಮ್ಮ: ಸಾಲದು. ಅದು ಮುಡಿಯಲು, ಪೂಜೆಗೆ ಬೆಳೆದದ್ದು. ಹೊಡೆದ ಔಷಧಿ ತೊಳೆದರೆ ಪೂರ್ತಿ ಹೋಗುವುದಿಲ್ಲ. ಕುಂಡದಲ್ಲಿ ಒಂದು ಪನ್ನೀರು ಗುಲಾಬಿ ಹಾಕಿಕೊಳ್ಳಿ.

ಗಾಜಿನಕಪ್ಪು: ಶಂಖಪುಷ್ಪ ಎಷ್ಟು ಹೂ ಹಾಕಬೇಕು? ಗಾಜಿನ ಕೆಟಲ್ ಎಲ್ಲಿ ಸಿಗುತ್ತದೆ?

ಡಾಕ್ಟರಮ್ಮ: ಮೇಲಕ್ಕೆ ಹೋಗಿ ಓದಿ. ಮೂರನೇ ಸಲ.

ಪಾರಿಜಾತ: ನನ್ನ ಪ್ರಶ್ನೆಗೆ ಉತ್ತರ ಬರಲಿಲ್ಲ.

ಭಕ್ತಿಮನೆ: ಕೆಲವರಿಗೆ ಮಾತ್ರ ಉದ್ದ ಉತ್ತರ, ಉಳಿದವರಿಗೆ ಗದರಿಕೆ.

ರಾತ್ರಿಪಾಳಿ: ಒಬ್ಬರು ಆಸ್ಪತ್ರೆ ದಾರಿಯಲ್ಲಿದ್ದಾರೆ ಸಾರ್. ಸ್ವಲ್ಪ ತಾಳ್ಮೆ ಇರಲಿ.

ಹಾಸನದ ಸೊಸೆ: ತಲುಪಿದೆವು. ನೀವು ಹೇಳಿದ ಹಾಗೇ ಹೇಳಿದೆ. ತಕ್ಷಣ ಇಸಿಜಿ ಮಾಡಿದರು, ಬಡಿತ ನಿಧಾನ ಇದೆಯಂತೆ. ಐಸಿಯುಗೆ ಹಾಕಿದ್ದಾರೆ. ಪುಡಿ ತಂದದ್ದು ಒಳ್ಳೆಯದಾಯಿತು ಎಂದರು. ಅತ್ತೆ ಮಾತಾಡುತ್ತಿದ್ದಾರೆ. ನನ್ನ ಕೈಯಾರೆ ಕೊಟ್ಟೆನಲ್ಲ ಮೇಡಂ.

ಡಾಕ್ಟರಮ್ಮ: ಅದನ್ನು ಈಗ ಯೋಚಿಸಬೇಡಿ. ಪ್ರಶ್ನೆ ಕೇಳಿದಿರಿ, ಕೇಳಿದ ಕೂಡಲೇ ಹೊರಟಿರಿ. ಒಂದು ಮಾತು: ಈ ಪುಡಿ ಬೇರೆ ಯಾರಿಗಾದರೂ ಕೊಟ್ಟಿದ್ದೀರಾ?

ಹಾಸನದ ಸೊಸೆ: ಕೊಟ್ಟಿದ್ದೇನೆ. ತಂಗಿಗೆ ಒಂದು ಡಬ್ಬಿ, ಪಕ್ಕದ ಮನೆ ಅಜ್ಜಿಗೆ ಒಂದು.

ಡಾಕ್ಟರಮ್ಮ: ಇಬ್ಬರಿಗೂ ಈಗಲೇ ಫೋನ್ ಮಾಡಿ. ಕುಡಿದಿದ್ದರೆ ಅವರೂ ಇವತ್ತೇ ಇಸಿಜಿ ಮಾಡಿಸಬೇಕು. ಪುಡಿಯನ್ನು ದನಕರು ಬರುವ ಕಡೆ ಚೆಲ್ಲುವುದು ಬೇಡ. ಗುಂಡಿ ತೋಡಿ ಮುಚ್ಚಲಿ.

ಹಾಸನದ ಸೊಸೆ: ತಂಗಿ ಒಂದೇ ಸಲ ಕುಡಿದು ಕಹಿ ಎಂದು ಬಿಟ್ಟಳಂತೆ. ಆದರೂ ಆಸ್ಪತ್ರೆಗೆ ಹೋಗುತ್ತಿದ್ದಾಳೆ. ಅಜ್ಜಿ ಫೋನ್ ಎತ್ತುತ್ತಿಲ್ಲ.

ಡಾಕ್ಟರಮ್ಮ: ಮತ್ತೆ ಮಾಡಿ. ಎತ್ತದಿದ್ದರೆ ಬೀದಿಯವರನ್ನು ಯಾರನ್ನಾದರೂ ಬಾಗಿಲು ಬಡಿಯಲು ಕಳಿಸಿ.

ಅಡ್ಮಿನ್: 9 ಗಂಟೆ ಆಯಿತು. ಹೊಸ ಪ್ರಶ್ನೆ ಬೇಡ.

ಹಾಸನದ ಸೊಸೆ: ಎದುರು ಮನೆ ಹುಡುಗ ಹೋಗಿ ನೋಡಿದ. ಅಜ್ಜಿ ಮಲಗಿಬಿಟ್ಟಿದ್ದರು, ಎದ್ದು ಬಂದು ಮಾತಾಡಿದರು. ಡಬ್ಬಿ ದೇವರ ಮನೆಯಲ್ಲಿ ಹಾಗೇ ಇದೆ, ಇನ್ನೂ ತೆರೆದೇ ಇಲ್ಲವಂತೆ. ಅವನೇ ಈಗ ತಂದು ನಮ್ಮನೆ ಜಗಲಿ ಮೇಲೆ ಎತ್ತರದಲ್ಲಿ ಇಟ್ಟಿದ್ದಾನೆ.

ಡಾಕ್ಟರಮ್ಮ: ಸರಿ. ಅತ್ತೆಯವರದ್ದು ಬೆಳಿಗ್ಗೆ ಎದ್ದ ಕೂಡಲೇ ಇಲ್ಲಿ ಬರೆಯಿರಿ. ನಾನು ನೋಡುತ್ತಿರುತ್ತೇನೆ.