ಕೋರ್ಟು ಕೊಡಿ ಅಂದರೂ ಪರಿಹಾರದ ದುಡ್ಡು ಬರುತ್ತಿಲ್ಲ, ಏನು ಮಾಡೋದು?

ಪ್ರಶ್ನೆ: ಸರ್, ನಮ್ಮದು ಶಿವಮೊಗ್ಗ ತಾಲ್ಲೂಕು. ನಾಲೆಗೆ ಅಂತ ನಮ್ಮ ಅಡಿಕೆ ತೋಟದಲ್ಲಿ 30 ಗುಂಟೆ ಹೋಯಿತು. 1894ರ ಭೂಸ್ವಾಧೀನ ಕಾಯ್ದೆ ಇದ್ದ ಕಾಲ. ಪರಿಹಾರ ಸಾಲದು ಅಂತ ಅಪ್ಪ ಕೋರ್ಟಿಗೆ ಹೋದರು. ಕೋರ್ಟು 4 ಲಕ್ಷ ಜಾಸ್ತಿ ಮಾಡಿತು. ತೀರ್ಪು ಬಂದು ಹತ್ತು ವರ್ಷ ದಾಟಿದೆ. ದುಡ್ಡು ನೋಡದೆಯೇ ಅಪ್ಪ ತೀರಿಕೊಂಡರು. ಆಫೀಸಿಗೆ ಹೋದರೆ ಒಮ್ಮೆ ಅನುದಾನ ಬಂದಿಲ್ಲ ಅನ್ನುತ್ತಾರೆ, ಇನ್ನೊಮ್ಮೆ ಅಪೀಲು ಹಾಕಿದ್ದೇವೆ ಅನ್ನುತ್ತಾರೆ. ಸರ್ಕಾರದಿಂದ ವಸೂಲಿ ಮಾಡೋಕೆ ಆಗುತ್ತಾ?

ಉತ್ತರ (ವಕೀಲರು): ಖಂಡಿತ ಆಗುತ್ತದೆ. ಆದರೆ ಇವತ್ತೇ ಡಿಕ್ರಿಯ, ಅಂದರೆ ತೀರ್ಪಿನ ಮೇಲೆ ಕೋರ್ಟು ಕೊಟ್ಟ ಆದೇಶಪತ್ರದ, ತಾರೀಖು ನೋಡಿ. ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿಯನ್ನು ಜಾರಿ ಮಾಡಿಸಿ ಎಂದು ಕೋರ್ಟನ್ನು ಕೇಳುವ ಅರ್ಜಿ, ಹಾಕಲು 12 ವರ್ಷ ಮಾತ್ರ ಅವಕಾಶ. ಆಫೀಸಿನ ಬೆಂಚಿನ ಮೇಲೆ ನೀವು ಕಾದ ದಿನಗಳನ್ನು ಯಾರೂ ಅದರಲ್ಲಿ ಕಳೆಯುವುದಿಲ್ಲ. ಇದನ್ನು ಎಷ್ಟೋ ರೈತರು ತಡವಾಗಿ ತಿಳಿದುಕೊಳ್ಳುತ್ತಾರೆ, ನನಗೆ ಹೊಟ್ಟೆ ಉರಿಯುತ್ತದೆ.

ಸರ್ಕಾರದ ಮೇಲಿನ ಡಿಕ್ರಿಗೆ ಮೂರು ತಿಂಗಳು ಕಾಯಬೇಕು, ಅಷ್ಟೇ. ಅದು ನಿಮಗೆ ಯಾವಾಗಲೋ ಮುಗಿದಿದೆ. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ. ತಡೆಯಾಜ್ಞೆ ಇದೆಯಾ, ಇದ್ದರೆ ಅದರ ನಕಲು ಕೊಡಿ ಅಂತ ಕೇಳಿ. ಅನುದಾನ ಇಲ್ಲ ಅನ್ನುವುದು ಕೋರ್ಟಿನ ಮುಂದೆ ನಿಲ್ಲುವ ಉತ್ತರವಲ್ಲ.

ಬಡ್ಡಿ ಲೆಕ್ಕ ಬಿಡಬೇಡಿ. ಹಳೇ ಕಾಯ್ದೆಯಲ್ಲಿ, ಜಮೀನು ಅವರ ವಶಕ್ಕೆ ಹೋದ ದಿನದಿಂದ ಮೊದಲ ವರ್ಷ ಶೇ. 9, ಆಮೇಲೆ ಶೇ. 15. ವಶಕ್ಕೆ ಹೋಗಿ 20 ವರ್ಷ ಆಗಿದ್ದರೆ ನಿಮ್ಮ 4 ಲಕ್ಷಕ್ಕೆ ಬಡ್ಡಿಯೇ 11,76,000. ಅವರು ಅರ್ಧಂಬರ್ಧ ಕಟ್ಟಿದರೆ ಅದು ಮೊದಲು ಬಡ್ಡಿ, ಖರ್ಚಿಗೆ ಹೋಗಬೇಕು, ಆಮೇಲೆ ಅಸಲಿಗೆ. ಸುಪ್ರೀಂ ಕೋರ್ಟು 2006ರಲ್ಲಿ ಗುರುಪ್ರೀತ್ ಸಿಂಗ್ ಪ್ರಕರಣದಲ್ಲಿ ಇದನ್ನು ಹೇಳಿದೆ.

ಅರ್ಜಿಯಲ್ಲಿ ಆಫೀಸಿನ ಜೀಪು, ಕಂಪ್ಯೂಟರ್, ಕುರ್ಚಿಗಳ ಪಟ್ಟಿ ಕೊಟ್ಟು ಜಪ್ತಿ ಕೇಳಬಹುದು. ಜೀಪಿನ ನಂಬರು ಬರೆದುಕೊಂಡು ಬನ್ನಿ, ಜಪ್ತಿಗೆ ಬರುವ ಕೋರ್ಟಿನ ಅಮೀನರಿಗೆ ಬೇಕಾಗುತ್ತದೆ. ಹೊಸನಗರ ಕಡೆಯ ಒಬ್ಬ ಅಜ್ಜಿಯ ಕೇಸಿನಲ್ಲಿ ಅಮೀನರು ಕಂಪ್ಯೂಟರಿನ ವೈರು ಬಿಚ್ಚಿ, ಮಾನಿಟರನ್ನು ಬಾಗಿಲ ತನಕ ಎತ್ತಿಕೊಂಡು ಬಂದರು. ಆಗ ಸಾಹೇಬರು ಫೋನ್ ತೆಗೆದರು. ಹದಿನೈದು ದಿನದಲ್ಲಿ ದುಡ್ಡು ಕೋರ್ಟಿಗೆ ಬಂತು. ಅಜ್ಜಿ ಏಳು ವರ್ಷ ಅದೇ ಬಾಗಿಲಲ್ಲಿ ನಿಂತಿದ್ದರು.

ಪ್ರಶ್ನೆ: ಡಿಕ್ರಿ ಅಪ್ಪನ ಹೆಸರಲ್ಲಿದೆ. ವಕೀಲರಿಗೆ ಕೊಡಲು ದುಡ್ಡೂ ಇಲ್ಲ.

ಉತ್ತರ: ವಾರಸುದಾರರೇ ಅರ್ಜಿ ಹಾಕಬಹುದು. ಮರಣ ಪ್ರಮಾಣಪತ್ರ, ವಂಶವೃಕ್ಷ, ಡಿಕ್ರಿಯ ದೃಢೀಕೃತ ನಕಲು ಬೇಕು. ಅಮ್ಮನನ್ನೂ ಅರ್ಜಿದಾರರಾಗಿ ಸೇರಿಸಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗುತ್ತಾರೆ. ಶಿವಮೊಗ್ಗದ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಿಚಾರಿಸಿ. ಅರ್ಜಿ ಹಾಕಿದ ಆರು ತಿಂಗಳಲ್ಲಿ ಮುಗಿಸಬೇಕು ಅಂತ ಸುಪ್ರೀಂ ಕೋರ್ಟು 2021ರಲ್ಲಿ ಹೇಳಿದೆ. ವಾಯಿದೆ ಮೇಲೆ ವಾಯಿದೆ ಆದರೆ ಅದನ್ನು ನಿಮ್ಮ ವಕೀಲರು ನೆನಪಿಸಲಿ.

ಪ್ರಶ್ನೆ ಕೇಳಿದವರು: ಅಪ್ಪನ ಟ್ರಂಕಿನಲ್ಲಿ ಡಿಕ್ರಿ ಸಿಕ್ಕಿತು ಸರ್. ಇನ್ನು 14 ತಿಂಗಳು ಉಳಿದಿದೆ. ಸೋಮವಾರ ಅಮ್ಮನನ್ನು ಕರೆದುಕೊಂಡು ಕೋರ್ಟಿಗೆ ಹೋಗುತ್ತಿದ್ದೇನೆ.