‘ತುಘಲಕ್’ ನಾಟಕದಲ್ಲಿ ಅಜೀಜನ ದೃಶ್ಯಗಳನ್ನು ಕೈಬಿಡಬಹುದೆ?

ಪ್ರಶ್ನೆ (ಹಾವೇರಿ):
ನಮ್ಮ ಹವ್ಯಾಸಿ ತಂಡ ಗಿರೀಶ ಕಾರ್ನಾಡರ ‘ತುಘಲಕ್’ ಆಡಲು ಸಿದ್ಧತೆ ನಡೆಸಿದೆ. ಪ್ರಯೋಗ ದೀರ್ಘವಾಗುತ್ತದೆಂದು ವೇಷ ಬದಲಿಸುತ್ತ ವಂಚಿಸುವ ಅಜೀಜ ಮತ್ತು ಅವನ ಜೊತೆಗಾರ ಆಜಮರ ದೃಶ್ಯಗಳನ್ನು ಮೊಟಕುಗೊಳಿಸಿ, ಸುಲ್ತಾನನ ಹೊಯ್ದಾಟಕ್ಕಷ್ಟೇ ಒತ್ತು ಕೊಡೋಣವೆಂದು ಹಲವರು ಹೇಳುತ್ತಿದ್ದಾರೆ. ನನ್ನ ಮನಸ್ಸು ಒಪ್ಪುತ್ತಿಲ್ಲ, ಆದರೆ ಅವರಿಗೆ ತಕ್ಕ ಉತ್ತರವನ್ನೂ ಕೊಡಲಾಗುತ್ತಿಲ್ಲ. ಬಲ್ಲವರು ತಿಳಿಸಬೇಕಾಗಿ ವಿನಂತಿ.

ಉತ್ತರ (ಧಾರವಾಡ):
ದಯವಿಟ್ಟು ಕೈಬಿಡಬೇಡಿ. ಕಾರ್ನಾಡರು ಬಾಲ್ಯದಲ್ಲಿ ಕಂಪನಿ ನಾಟಕಗಳನ್ನು, ಅಂದರೆ ಊರೂರು ತಿರುಗುವ ವೃತ್ತಿ ತಂಡಗಳ ನಾಟಕಗಳನ್ನು, ನೋಡಿ ಬೆಳೆದವರು. 1964ರ ಈ ನಾಟಕದ ರಚನೆಯನ್ನು ಅಲ್ಲಿಂದಲೇ ಎತ್ತಿಕೊಂಡರೆಂದು ಅವರೇ ಬರೆದಿದ್ದಾರೆ. ಕಂಪನಿಯವರು ರಸ್ತೆಯ ಪರದೆ ಇಳಿಬಿಟ್ಟು ಅದರ ಮುಂದೆ ಸಾಮಾನ್ಯರ, ಹಾಸ್ಯದ ದೃಶ್ಯ ಆಡಿಸುತ್ತಿದ್ದರು. ಅಷ್ಟರಲ್ಲಿ ಪರದೆಯ ಹಿಂದೆ ದರ್ಬಾರು ಸಜ್ಜಾಗುತ್ತಿತ್ತು. ಆಳದ ರಂಗ ಅರಸರಿಗೆ, ಮುಂದಿನ ಕಿರಿದಾದ ಜಾಗ ಬಡವರಿಗೆ ಎಂಬ ಈ ಏರ್ಪಾಡಿನಲ್ಲೇ ಅಗಸನಾದ ಅಜೀಜ ಬ್ರಾಹ್ಮಣ ವೇಷ ತೊಟ್ಟು ಸುಲ್ತಾನನ ವಿರುದ್ಧದ ದಾವೆ ಗೆಲ್ಲುತ್ತಾನೆ, ಕೊನೆಗೆ ಖಲೀಫರ ವಂಶದ ಘಿಯಾಸುದ್ದೀನನನ್ನು ಕೊಂದು ಅವನ ವೇಷದಲ್ಲಿ ಅರಮನೆಯೊಳಕ್ಕೇ ನಡೆದುಬರುತ್ತಾನೆ. ಪರದೆಯ ಮುಂದಿರಬೇಕಾದವನು ದರ್ಬಾರಿಗೆ ನುಗ್ಗಿದಾಗಲೇ ರಾಜ್ಯ ಕುಸಿದದ್ದು ಪ್ರೇಕ್ಷಕನ ಕಣ್ಣಿಗೆ ಕಾಣುತ್ತದೆ. ಅಜೀಜನನ್ನು ತೆಗೆದರೆ ಉಳಿಯುವುದು ಒಬ್ಬ ದೊರೆಯ ದೀರ್ಘ ಸ್ವಗತ ಮಾತ್ರ.

ಉತ್ತರ (ಗದಗ):
ಮೇಲಿನ ಮಾತನ್ನು ಪೂರ್ಣವಾಗಿ ಅನುಮೋದಿಸುತ್ತೇನೆ. ಕನ್ನಡದಲ್ಲಿ ಐತಿಹಾಸಿಕ ನಾಟಕದ ಕೊರತೆಯನ್ನು ಕಾರ್ನಾಡರ ಗಮನಕ್ಕೆ ತಂದವರು ವಿಮರ್ಶಕ ಕೀರ್ತಿನಾಥ ಕುರ್ತಕೋಟಿಯವರು. ಕಾರ್ನಾಡರ ಮೊದಲ ನಾಟಕ ‘ಯಯಾತಿ’ಯನ್ನು 1961ರಲ್ಲಿ ಪ್ರಕಟಿಸಿದ್ದು ಧಾರವಾಡದ ಮನೋಹರ ಗ್ರಂಥಮಾಲೆ. ಅಂದರೆ ಜ್ಞಾನಪೀಠದವರೆಗೆ ನಡೆದ ಈ ಲೇಖಕನ ಬೆನ್ನಿಗೆ ನಮ್ಮ ಸೀಮೆಯ ಓದು, ಹರಟೆ ಎರಡೂ ಇದ್ದವು. ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿ ಬೆಳೆದ ಗದಗಿನವನಾದ ನನಗೆ, ಕಂಪನಿ ರಂಗಭೂಮಿಯನ್ನು ಹಳತೆಂದು ಎಲ್ಲರೂ ಬದಿಗಿಟ್ಟ ಹೊತ್ತಿನಲ್ಲಿ ಅದರ ಪರದೆಗೆ ಕಾರ್ನಾಡರು ಹೊಸ ಅರ್ಥ ಕೊಟ್ಟದ್ದು ಅವರದೇ ‘ಹಯವದನ’ ನಾಟಕದಲ್ಲಿ ಯಕ್ಷಗಾನದಿಂದ ತಂದ ಅರ್ಧಪರದೆ, ಭಾಗವತರಿಗಿಂತಲೂ ಹೆಚ್ಚಿನ ಸಾಧನೆಯಾಗಿ ತೋರುತ್ತದೆ, ಇದನ್ನು ಒಪ್ಪದವರು ಬಹಳ ಜನರಿದ್ದಾರೆ. ಅವಧಿ ಕಡಿಮೆ ಮಾಡಲೇಬೇಕಿದ್ದರೆ ದೃಶ್ಯಗಳ ನಡುವಿನ ಕತ್ತಲೆಯನ್ನು ಕತ್ತರಿಸಿ. ಅಜೀಜನ ದೃಶ್ಯ ಪರದೆಯ ಮುಂದೆ ನಡೆದಿರುವಾಗ ಹಿಂದೆ ಆಸನಗಳನ್ನು ಜೋಡಿಸಿಕೊಂಡರೆ ಒಂದು ನಿಮಿಷವೂ ವ್ಯರ್ಥವಾಗುವುದಿಲ್ಲ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಕೃತಜ್ಞತೆಗಳು. ಇದನ್ನು ನಾಳಿನ ತಾಲೀಮಿನಲ್ಲಿ ಎಲ್ಲರಿಗೂ ಓದಿ ಹೇಳುತ್ತೇನೆ. ಕಂಪನಿಯಲ್ಲಿ ದುಡಿದ ಹಿರಿಯ ಕಲಾವಿದರೊಬ್ಬರು ನಮ್ಮೂರಿನಲ್ಲೇ ಇರುವುದರಿಂದ, ಪರದೆಯ ಮುಂದೆ ನಿಂತು ಮಾತನಾಡುವ ರೀತಿಯನ್ನು ಅವರಿಂದಲೇ ಕಲಿಯುವ ವಿಚಾರವಿದೆ.